ಅಳಿಸಿದ ಜಾಲರಿ

ನಮ್ಮ ಅಡುಗೆಮನೆಯ ಗೋಡೆಯ ಮೇಲೆ ಸಾಮಾನುಗಳ ನೆರಳು ಬರೆದಿತ್ತು. ಸೌಟು ತೂಗುವ ಮೊಳೆಯ ಕೆಳಗೆ ಸೌಟಿನ ಆಕಾರ, ಇಕ್ಕಳದ ಮೊಳೆಯ ಕೆಳಗೆ ಇಕ್ಕಳದ ಆಕಾರ, ಲಟ್ಟಣಿಗೆಯ ಜಾಗದಲ್ಲಿ ಲಟ್ಟಣಿಗೆಯದು. ಎಲ್ಲವೂ ಕೆಂಪು ಪೇಂಟಿನಲ್ಲಿ. ಬರೆದವರು ನನ್ನ ಅಪ್ಪ. ಅವರು ನಾಸಿಕ್ ಹತ್ತಿರದ ಓಝರ್‌ನ ವಿಮಾನ ಕಾರ್ಖಾನೆಯಲ್ಲಿ ಫಿಟ್ಟರ್ ಆಗಿದ್ದರು. ಬಾಗಲಕೋಟೆ ಕಡೆಯಿಂದ ಕೆಲಸಕ್ಕೆಂದು ಬಂದು ಅಲ್ಲಿಯ ಕ್ವಾರ್ಟರ್ಸಿನಲ್ಲಿ ಸಂಸಾರ ಹೂಡಿದವರು. ಕಾರ್ಖಾನೆಯಲ್ಲಿ ಬೋಲ್ಟು ತಿರುಗಿಸುವ ಪ್ರತಿಯೊಂದು ಪಾನಾಕ್ಕೂ ಹಲಗೆಯ ಮೇಲೆ ಹೀಗೆ ನೆರಳು ಬರೆದಿರುತ್ತಿತ್ತಂತೆ. ಕೆಲಸ ಮುಗಿದಾಗ ಒಂದು ನೆರಳು ಬರಿದಾಗಿ ಕಂಡರೂ ವಿಮಾನದ ಹೊಟ್ಟೆ ಮುಚ್ಚುವ ಹಾಗಿಲ್ಲ, ಕಳೆದ ಪಾನಾ ಸಿಗುವ ತನಕ ಹುಡುಕಬೇಕು. ಮನೆಯಲ್ಲೂ ಅದೇ ಕಾಯಿದೆ. ಊಟವಾದ ಮೇಲೆ ಅಪ್ಪ ಅಡುಗೆಮನೆಯ ಬಾಗಿಲಲ್ಲಿ ನಿಂತು ಗೋಡೆಯನ್ನು ಒಂದು ಸಲ ನೋಡಿ, "ಎಲ್ಲಾ ಅದಾವ. ಇನ್ನ ಮುಚ್ಚ" ಅನ್ನುವವರೆಗೆ ಅವ್ವ ದೀಪ ಆರಿಸುವಂತಿರಲಿಲ್ಲ.

"ಇದೇನ್ ಅಡಗಿಮನಿನೋ, ನಿಮ್ಮ ಕಾರ್ಖಾನೀನೋ?" ಎಂದು ಅವ್ವ ಮೂಗು ಮುರಿಯುತ್ತಿದ್ದಳು. ಆದರೆ ಸೌಟನ್ನು ಮಾತ್ರ ಸೌಟಿನ ನೆರಳಿಗೇ ತೂಗುಹಾಕುತ್ತಿದ್ದಳು.

ಅಪ್ಪನ ಇನ್ನೊಂದು ಕಾಯಿದೆ, "ಮಾಡಿದಾಂವ ನೋಡಬಾರದು" ಎನ್ನುವುದು. ಬೋಲ್ಟು ಬಿಗಿ ಮಾಡಿದವನೇ ಬಿಗಿಯಾಗಿದೆಯೋ ಇಲ್ಲವೋ ಎಂದು ಪರೀಕ್ಷಿಸಬಾರದು, ಬೇರೆಯವನು ನೋಡಿ ಸಹಿ ಹಾಕಬೇಕು. ಮಾಡಿದವನ ಕಣ್ಣಿಗೆ ತಾನು ಮಾಡಬೇಕೆಂದುಕೊಂಡದ್ದು ಕಾಣುತ್ತದೆಯೇ ಹೊರತು ಮಾಡಿದ್ದು ಕಾಣುವುದಿಲ್ಲ ಎಂದು ಅವರ ವಾದ. ಹಾಗಾಗಿ ನನ್ನ ಲೆಕ್ಕದ ಮನೆಗೆಲಸವನ್ನು ಅವ್ವ ನೋಡಬೇಕು, ಅವ್ವನ ಸಾರಿನ ಉಪ್ಪನ್ನು ನಾನು ನೋಡಬೇಕು. ನಾನು ಈ ಎರಡೂ ಕಾಯಿದೆಗಳನ್ನು ಬಾಲ್ಯದಲ್ಲಿ ಗೇಲಿ ಮಾಡಿದೆ, ತಾರುಣ್ಯದಲ್ಲಿ ಮರೆತೆ. ಮರೆತದ್ದರ ಬೆಲೆಯನ್ನು ವಾಳೂಜ್ ಎಂಬಲ್ಲಿಯ ಒಂದು ಕಾರ್ಖಾನೆಯಲ್ಲಿ ತೆತ್ತೆ. ಅದನ್ನು ಹೇಳಬೇಕೆಂದೇ ಇದನ್ನು ಬರೆಯುತ್ತಿದ್ದೇನೆ. ಕನ್ನಡದ ಅಕ್ಷರ ನನಗೆ ಶಾಲೆ ಕಲಿಸಿದ್ದಲ್ಲ. ರವಿವಾರ ಬೆಳಿಗ್ಗೆ ಅಪ್ಪ ಹಳೆಯ ಡ್ರಾಯಿಂಗ್ ಹಾಳೆಗಳ ಹಿಂಬದಿಯಲ್ಲಿ ತಿದ್ದಿಸಿದ್ದು. ತಪ್ಪಿದ್ದರೆ ಬೇರೆ ಯಾರಾದರೂ ನೋಡಿ ಹೇಳಲಿ.

ನಾಸಿಕ್‌ನಲ್ಲಿ ಕಮರ್ಷಿಯಲ್ ಆರ್ಟ್ ಓದಿ ನಾನು ಮೊದಲು ಸೇರಿದ್ದು ನಾಸಿಕ್ ರೋಡ್ ಸ್ಟೇಷನ್ ಹತ್ತಿರದ ಒಂದು ಫ್ಲೆಕ್ಸ್ ಅಂಗಡಿ. ಹೊಸ ಶತಮಾನ ಆಗಷ್ಟೇ ಶುರುವಾಗಿತ್ತು. ಬ್ರಷ್ ಹಿಡಿದು ಬೋರ್ಡ್ ಬರೆಯುತ್ತಿದ್ದವರು ಒಬ್ಬೊಬ್ಬರೇ ಕಂಪ್ಯೂಟರಿನ ಮುಂದೆ ಕೂರಲು ಕಲಿಯುತ್ತಿದ್ದ ಕಾಲ. ಹುಟ್ಟುಹಬ್ಬದ ಪುಢಾರಿಗಳ ಮುಖವನ್ನು ಬೆಳ್ಳಗೆ ಮಾಡುವುದು ನನ್ನ ಮುಖ್ಯ ಕೆಲಸ. ಕಣ್ಣಿನ ಕೆಳಗಿನ ಕಪ್ಪು ತೆಗೆ, ಮೊಡವೆ ಅಳಿಸು, ಹೊಟ್ಟೆ ಒಳಗೆ ತಳ್ಳು. ಅಳಿಸುವುದರಲ್ಲಿ ನನ್ನ ಕೈ ಎಷ್ಟು ಪಳಗಿತೆಂದರೆ ಪಕ್ಕದ ಅಂಗಡಿಯವರೂ ಕಷ್ಟದ ಫೋಟೋಗಳನ್ನು ನನ್ನ ಹತ್ತಿರ ಕಳಿಸುತ್ತಿದ್ದರು. ಹೆಮ್ಮೆಯಾಗುತ್ತಿತ್ತು, ಸುಳ್ಳೇಕೆ ಹೇಳಲಿ.

ಅದೇ ಅಂಗಡಿಗೆ ಜಾಹೀರಾತಿನ ಮರಾಠಿ ಬರೆದುಕೊಡಲು ಬರುತ್ತಿದ್ದವಳು ನನ್ನ ಗೆಳತಿ. ಅವಳು ಮಾತಿನಲ್ಲಿ ಚುರುಕು, ನಾನು ಹಟದಲ್ಲಿ. ಇಬ್ಬರೂ ಸೈಬರ್ ಕೆಫೆಯಲ್ಲಿ ಕೂತು ವೆಬ್‌ಸೈಟ್ ಕಟ್ಟುವುದನ್ನು ನಮಗೆ ನಾವೇ ಕಲಿತೆವು. ಆಮೇಲೆ ಒಂದು ಝೆರಾಕ್ಸ್ ಅಂಗಡಿಯ ಮಹಡಿಯ ಮೇಲೆ ಒಂದು ಕೋಣೆ ಹಿಡಿದು ಸ್ವಂತ ಬೋರ್ಡ್ ಹಾಕಿದೆವು. ಇಬ್ಬರು ಹೆಣ್ಣುಮಕ್ಕಳು, ಒಂದು ಕಂಪ್ಯೂಟರ್. ರೈಲು ಹೋದಾಗಲೆಲ್ಲ ಮೇಜು ಅಲುಗುತ್ತಿತ್ತು. ನಮ್ಮನ್ನು ಟೈಪಿಂಗ್ ಕ್ಲಾಸಿನವರೆಂದು ತಿಳಿದು ಮೆಟ್ಟಿಲು ಹತ್ತಿ ಬಂದವರೇ ಮೊದಲ ವರ್ಷ ಹೆಚ್ಚು.

ನಮಗೆ ಮೊದಲ ವೆಬ್‌ಸೈಟಿನ ಕೆಲಸ ಕೊಟ್ಟ ಪುಣ್ಯಾತ್ಮ ಘೋಟಿಯ ಅಕ್ಕಿ ವ್ಯಾಪಾರಿ. ಮುಂಬೈಯಲ್ಲಿ ಓದುತ್ತಿದ್ದ ಮಗಳ ಹಟಕ್ಕೆ ಒಪ್ಪಿದ್ದರು. ನಾವು ಮೈಯೆಲ್ಲ ಕಣ್ಣಾಗಿ ಕೆಲಸ ಮಾಡಿ, ಭತ್ತದ ಗದ್ದೆ, ಗಿರಣಿ, ಚೀಲ ಎಲ್ಲವನ್ನೂ ಪರದೆಯ ಮೇಲೆ ತಂದು ತೋರಿಸಿದೆವು. ಯಜಮಾನರು ಬಹಳ ಹೊತ್ತು ನೋಡಿ, ಚೆನ್ನಾಗಿದೆ, ಇದನ್ನು ದೊಡ್ಡದಾಗಿ ಫ್ಲೆಕ್ಸ್ ಮೇಲೆ ಹಾಕಿಸಿ ಕೊಡಿ, ಅಂಗಡಿಯ ಮುಂದೆ ತೂಗುಹಾಕುತ್ತೇನೆ ಅಂದರು. ಇದು ಕಂಪ್ಯೂಟರಿನ ಒಳಗೇ ಇರುವುದು, ಪ್ರಪಂಚದಲ್ಲಿ ಎಲ್ಲಿಂದ ಬೇಕಾದರೂ ನೋಡಬಹುದು ಎಂದು ಗೆಳತಿ ತಿಳಿಸಿ ಹೇಳಿದಳು. "ಪ್ರಪಂಚ ನನ್ನ ಹತ್ತಿರ ಅಕ್ಕಿ ಕೊಳ್ಳೋದಿಲ್ಲ, ಇಗತ್‌ಪುರಿಯವರು ಕೊಳ್ಳುತ್ತಾರೆ" ಅಂದರು ಅವರು. ಕೊನೆಗೆ ವೆಬ್‌ಸೈಟಿನ ಮೊದಲ ಪುಟವನ್ನು, ಮೇಲಿನ ಗುಂಡಿಗಳ ಸಮೇತ, ಹತ್ತು ಅಡಿ ಫ್ಲೆಕ್ಸಿನ ಮೇಲೆ ಛಾಪಿಸಿ ಕೊಟ್ಟೆವು. ಆ ಫ್ಲೆಕ್ಸಿನ ಗುಂಡಿಗಳನ್ನು ಹೆದ್ದಾರಿಯ ಜನ ಬೆರಳಿನಿಂದ ಒತ್ತಿ ನೋಡುತ್ತಿದ್ದರೆಂದು ಅವರ ಮಗಳು ಆಮೇಲೆ ಹೇಳಿದಳು.

ನಗು ಬಂದರೂ ಅದರಿಂದ ಒಂದು ಪಾಠ ಕಲಿತೆವು. ಗಿರಾಕಿಗೆ ಏನು ಬೇಕು ಎಂದು ಕೇಳಿದ ಮೇಲೆಯೇ ಕಂಪ್ಯೂಟರ್ ಹಚ್ಚಬೇಕು. ದ್ರಾಕ್ಷಿ ರಫ್ತಿನವರು ಬಂದರು, ಒಣದ್ರಾಕ್ಷಿಯವರು ಬಂದರು, ಮದುವೆ ಹಾಲಿನವರು ಬಂದರು. ಜನರ ಕೈಗೆ ಫೋನಿನಲ್ಲೇ ಇಂಟರ್ನೆಟ್ ಬಂದ ಮೇಲಂತೂ ಯಾರೂ ನಮ್ಮನ್ನು ಟೈಪಿಂಗ್ ಕ್ಲಾಸ್ ಎಲ್ಲಿ ಎಂದು ಕೇಳಲಿಲ್ಲ. ಕೋಣೆ ಎರಡಾಯಿತು. ಜಾಹೀರಾತು ಬರೆಯುವವರು, ಪುಟ ಕಟ್ಟುವವರು ಎಂದು ಆರು ಜನರಾದೆವು.

ಅಷ್ಟರಲ್ಲಿ ಗೆಳತಿಗೆ ಮದುವೆಯಾಯಿತು. ಗಂಡನ ಮನೆ ಸಂಭಾಜಿನಗರ. ಆಗ ಬಸ್ಸಿನ ಫಲಕದ ಮೇಲೆ ಆ ಊರಿಗೆ ಹಳೆಯ ಹೆಸರೇ ಇತ್ತು. ಇನ್ನು ನಿಮ್ಮ ಅಂಗಡಿ ಮುಚ್ಚಿದ ಹಾಗೆಯೇ ಎಂದು ಬಂಧುಗಳೂ ಹೇಳಿದರು, ಗಿರಾಕಿಗಳೂ ಹೇಳಿದರು. ನನಗೆ ಸಿಟ್ಟು ಬಂತು. ಮದುವೆಯಾದದ್ದು ಅವಳಿಗೆ, ಅಂಗಡಿಗಲ್ಲವಲ್ಲ. "ಅಂಗಡಿ ಮುಚ್ಚೋದಿಲ್ಲ, ಎರಡಾಗುತ್ತೆ" ಅಂದೆ. ಅವಳ ಮಾವನವರು ಮನೆಯ ಮುಂದಿನ ಕೋಣೆ ಬಿಟ್ಟುಕೊಟ್ಟರು. ಹೀಗೆ ನಮ್ಮ ಎರಡನೆಯ ಆಫೀಸು ಒಂದು ಮದುವೆಯಿಂದ ಹುಟ್ಟಿತು. ನಾನು ವಾರಕ್ಕೊಂದು ಸಲ ಯೇವಲೆ, ವೈಜಾಪುರ ದಾಟಿ ಹೋಗುವ ಬಸ್ಸು ಹತ್ತುತ್ತಿದ್ದೆ.

ಆ ಊರಿನ ಕೆಲಸವೇ ಬೇರೆ. ನಾಸಿಕ್‌ನಲ್ಲಿ ದ್ರಾಕ್ಷಿ ಗೊಂಚಲಿನ ಮೇಲೆ ನೀರಿನ ಹನಿ ತೋರಿಸಿದರೆ ಮುಗಿಯಿತು. ಸಂಭಾಜಿನಗರದ ಹೊರಗಿನ ವಾಳೂಜ್ ಕೈಗಾರಿಕಾ ವಸಾಹತಿನಲ್ಲಿ ತೋರಿಸಬೇಕಾದದ್ದು ಕಬ್ಬಿಣ. ಅಲ್ಲಿ ನಮಗೆ ಸಿಕ್ಕ ಮೊದಲ ದೊಡ್ಡ ಗಿರಾಕಿ ಒಂದು ಪ್ರೆಸ್ ಶಾಪಿನ ಮಾಲೀಕರು. ತಗಡನ್ನು ಪವರ್ ಪ್ರೆಸ್ಸಿನ ಡೈ ಎಂಬ ಉಕ್ಕಿನ ಅಚ್ಚಿನಲ್ಲಿ ಒತ್ತಿ ಮೋಟಾರ್ ಸೈಕಲ್ಲಿನ ಬಿಡಿಭಾಗ ಮಾಡುವ ಕಾರ್ಖಾನೆ ಅದು. ಹೊರದೇಶದ ಒಂದು ದೊಡ್ಡ ಕಂಪನಿಗೆ ಮಾಲು ಕೊಡುವ ಅವಕಾಶ ಅವರ ಬಾಗಿಲಿಗೆ ಬಂದಿತ್ತು. ಆ ನಂಬಿಕೆಯ ಮೇಲೆ ಎರಡನೆಯ ಶಿಫ್ಟಿಗೆ ಜನರನ್ನು ತೆಗೆದುಕೊಂಡೂ ಆಗಿತ್ತು. ಆ ಕಂಪನಿಯವರು ನೋಡಲು ಒಂದು ಒಳ್ಳೆಯ ವೆಬ್‌ಸೈಟ್ ಬೇಕು ಅಂದರು. ಇಲ್ಲಿ ಗೆದ್ದರೆ ಇಡೀ ವಾಳೂಜ್ ನಮ್ಮದು ಎಂದು ನಾನೂ ಗೆಳತಿಯೂ ಮಾತಾಡಿಕೊಂಡೆವು.

ಕ್ಯಾಮರಾ ಹಿಡಿದು ನಾನೇ ಹೋದೆ. ನೆಲದ ಮೇಲೆ ಎಣ್ಣೆ, ಗೋಡೆಗೆ ಮಸಿ. ಎಲ್ಲಕ್ಕಿಂತ ದೊಡ್ಡ ಪ್ರೆಸ್ಸಿನ ಮುಂದೆ ಒಬ್ಬ ಕೆಲಸಗಾರ ನಿಂತಿದ್ದ. ಅವನಿಗೂ ಯಂತ್ರಕ್ಕೂ ನಡುವೆ ಹಳದಿ ಬಣ್ಣದ ಕಬ್ಬಿಣದ ಜಾಲರಿ ಇತ್ತು. ಬಣ್ಣ ಎದ್ದಿತ್ತು, ನಡುವೆ ಹೊರಗಡೆಗೆ ಡೊಂಕಾಗಿ ಉಬ್ಬಿತ್ತು. ಎಷ್ಟು ಕೋನ ಬದಲಾಯಿಸಿದರೂ ಆ ಡೊಂಕು ಜಾಲರಿ ಚಿತ್ರದೊಳಗೆ ಬಂದೇ ಬರುತ್ತಿತ್ತು. ಇರಲಿ, ಆಮೇಲೆ ನೋಡಿಕೊಳ್ಳೋಣ ಎಂದು ಹಾಗೆಯೇ ತೆಗೆದೆ.

ಆಮೇಲೆ ನೋಡಿಕೊಂಡೆ. ನಾಸಿಕ್ ರೋಡಿನ ಕೋಣೆಯಲ್ಲಿ ಕೂತು ಎರಡು ದಿನ ಆ ಚಿತ್ರವನ್ನು ತೊಳೆದೆ. ನೆಲದ ಎಣ್ಣೆ ಅಳಿಸಿದೆ, ಗೋಡೆಯ ಮಸಿ ಅಳಿಸಿದೆ. ಎಣ್ಣೆ ಅಂಗಿಯ ಕೆಲಸಗಾರನನ್ನು ತೆಗೆದೆ. ಜಾಲರಿಯ ಒಂದೊಂದೇ ಕಂಬಿಯನ್ನು ಅಳಿಸಿ, ಹಿಂದಿನ ಯಂತ್ರದ ಹಸಿರು ಬಣ್ಣವನ್ನು ತುಂಬಿದೆ. ಕೊನೆಗೆ ಉಳಿದದ್ದು ಹೊಳೆಯುವ ಒಂದು ಯಂತ್ರ, ಯಾರೂ ಇಲ್ಲದ ಒಂದು ಶೆಡ್ಡು. ಫಿಟ್ಟರನ ಮಗಳಾಗಿ ಹುಟ್ಟಿದವಳು ಆ ಜಾಲರಿ ಅಲ್ಲಿ ಯಾಕಿದೆ ಎಂದು ಒಂದು ಸಲವೂ ಯೋಚಿಸಲಿಲ್ಲ. ನೋಡಲು ಅಂದವಿಲ್ಲ ಎಂಬುದಷ್ಟೇ ನನಗೆ ಕಂಡದ್ದು. ಈಗಲೂ ನೆನೆದರೆ ಕಿವಿ ಬಿಸಿಯಾಗುತ್ತದೆ.

ಮಾಲೀಕರಿಗೆ ತೋರಿಸಿದಾಗ ಅವರು ಕನ್ನಡಕ ಸರಿಮಾಡಿಕೊಂಡು, "ಇದು ನಮ್ಮದೇ ಕಾರ್ಖಾನೆಯಾ?" ಎಂದು ಕೇಳಿದರು. ಅದನ್ನು ನಾನು ಹೊಗಳಿಕೆ ಎಂದುಕೊಂಡೆ.

ನಾಲ್ಕೈದು ತಿಂಗಳಾದ ಮೇಲೆ ಒಂದು ಬೆಳಿಗ್ಗೆ ಗೆಳತಿಯ ಫೋನು ಬಂತು. ಅವಳ ದನಿ ಸಣ್ಣಗಾಗಿತ್ತು. ಹೊರದೇಶದ ಕಂಪನಿಯ ತಪಾಸಣೆಯವರು ಬರುವ ಮೊದಲು ವೆಬ್‌ಸೈಟ್ ನೋಡಿದ್ದರು. ಪ್ರೆಸ್ಸಿನ ಮುಂದೆ ಗಾರ್ಡ್ ಇಲ್ಲ, ಅಂದರೆ ಕಾಪಾಡುವ ಜಾಲರಿ ಇಲ್ಲ, ಕೆಲಸಗಾರರ ಜೀವಕ್ಕೆ ರಕ್ಷಣೆಯಿಲ್ಲದ ಕಡೆಯಿಂದ ನಾವು ಮಾಲು ಕೊಳ್ಳುವುದಿಲ್ಲ, ಕಾರಣ ಕೊಡಿ ಎಂದು ಬರೆದಿದ್ದರು. ಮೂರನೆಯ ದಿನ ಅವರ ಇನ್‌ಸ್ಪೆಕ್ಟರ್ ಬರುವವರಿದ್ದರು. ಮಾಲೀಕರು ಅವಳ ಮುಂದೆ ಕೂಗಾಡಿದ್ದರು: ಆ ಫೋಟೋ ಈಗಲೇ ತೆಗೆಯಿರಿ, ಯಾರು ಕೇಳಿದರೂ ಏನೂ ಹೇಳಬೇಡಿ, ಈ ಆರ್ಡರ್ ಹೋದರೆ ಎರಡನೆಯ ಶಿಫ್ಟಿನ ಅಷ್ಟೂ ಜನರನ್ನು ಮನೆಗೆ ಕಳಿಸಬೇಕು, ನಿಮ್ಮ ಹೆಸರು ವಾಳೂಜ್‌ನಲ್ಲಿ ಯಾರೂ ಎತ್ತದ ಹಾಗೆ ಮಾಡುತ್ತೇನೆ.

"ತೆಗೆದುಬಿಡೋಣ" ಅಂದಳು ಗೆಳತಿ. "ಹಳೆಯ ಫೋಟೋ ಇತ್ತು, ತಪ್ಪಿ ಬಂದಿತ್ತು ಅಂತ ಹೇಳೋಣ."

ಗಣಪತಿಯನ್ನು ಮಾಡಲು ಹೋಗಿ ಅವರಪ್ಪನನ್ನು ಮಾಡಿದಂತಾಗಿತ್ತು. ಚೆಂದ ಮಾಡಲು ಹೋಗಿ ಒಬ್ಬರ ಅನ್ನಕ್ಕೇ ಕಲ್ಲು ಹಾಕಿದ್ದೆ. ಒಂದು ಗುಂಡಿ ಒತ್ತಿದರೆ ಚಿತ್ರ ಹೋಗುತ್ತಿತ್ತು. ಬೆರಳು ಅದರ ಮೇಲೆಯೇ ಇತ್ತು. ಯಾಕೋ ಒತ್ತಲಾಗಲಿಲ್ಲ. ಕಂಪ್ಯೂಟರ್ ಹಾಗೆಯೇ ಬಿಟ್ಟು ಓಝರ್‌ಗೆ ಹೋದೆ.

ಅಪ್ಪ ಆಗಲೇ ನಿವೃತ್ತರಾಗಿ, ಅಲ್ಲೇ ಸಣ್ಣದೊಂದು ಮನೆ ಮಾಡಿಕೊಂಡಿದ್ದರು. ನಮ್ಮ ಆಫೀಸಿನ ಹಳೆಯ ಕಂಪ್ಯೂಟರ್ ಅವರ ಮೇಜಿನ ಮೇಲಿತ್ತು. ಅದರಲ್ಲಿ ದಿನಾ ಊರಿನ ಕನ್ನಡ ಪತ್ರಿಕೆ ಓದುತ್ತಿದ್ದರು. ನಾನು ನಡೆದದ್ದೆಲ್ಲವನ್ನೂ ಹೇಳಿದೆ. ಅವರು ಬಯ್ಯಲಿಲ್ಲ. ಒಂದೇ ಮಾತು ಕೇಳಿದರು.

"ಆ ಚಿತ್ರ ಹೊರಗ ಬಿಡೂ ಮುಂದ ಯಾರ ನೋಡಿದ್ರವಾ?"

"ನಾನ ನೋಡಿದ್ನಿ."

"ಮಾಡಿದಾಕಿ?"

"ನಾನ."

ಅಪ್ಪ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಬೈದಿದ್ದರೆ ಚೆನ್ನಾಗಿತ್ತು. ಆಮೇಲೆ ತಾವು ಹೊಸದಾಗಿ ಕೆಲಸಕ್ಕೆ ಸೇರಿದಾಗಿನ ಒಂದು ಸಂಗತಿ ಹೇಳಿದರು. ರೆಕ್ಕೆಯ ಒಳಗೆ ಕೆಲಸ ಮಾಡುತ್ತಿದ್ದಾಗ ಅವರ ಕೈಯಿಂದ ಒಂದು ವಾಷರ್ ಜಾರಿ ಒಳಗೆ ಬಿತ್ತು. ನಾಲ್ಕಾಣೆಯಷ್ಟು ಅಗಲದ್ದು. ಯಾರೂ ನೋಡಿರಲಿಲ್ಲ. ಸಂಜೆ ರೆಕ್ಕೆ ಮುಚ್ಚಿದರು, ಅಪ್ಪ ಮನೆಗೆ ಬಂದರು, ಊಟ ಸೇರಲಿಲ್ಲ. ಮರುದಿನ ಬೆಳಿಗ್ಗೆ ಹೋಗಿ ಫೋರ್‌ಮನ್ ಎದುರು ನಿಂತು ಹೇಳಿದರು. ಎರಡು ದಿನ ಹಿಡಿಯಿತು ರೆಕ್ಕೆ ಬಿಚ್ಚಿ ವಾಷರ್ ಹುಡುಕಲು.

"ಫೋರ್‌ಮನ್ ಏನ್ ಅಂದ್ರು?"

"ಏನೂ ಅನ್ನಲಿಲ್ಲ. ಚಹಾ ಕುಡಸಿದ್ರು. ಬೀಳಸೂದು ತಪ್ಪಲ್ಲವಾ, ಕೈ ಅಂದಮ್ಯಾಲೆ ಜಾರತಾವ. ಬಿದ್ದದ್ದು ಒಳಗ ಬಿಟ್ಟು ಮ್ಯಾಲೆ ಮುಚ್ಚೂದು ತಪ್ಪು. ಈಗ ನೀ ಆ ಚಿತ್ರ ಅಳಿಸಿದ್ರ ಅದ ಆಗತೈತಿ. ಒಮ್ಮೆ ಅಳಿಸಿದ್ದು ಸಾಲದೇನು?"

ನನಗೆ ಅಳು ಬಂತು. ಅತ್ತುಬಿಟ್ಟೆ. ಅವ್ವ ತಂದಿಟ್ಟ ರೊಟ್ಟಿ ತಿಂದೆ. ಉಪ್ಪು ತಿಂದವಳು ನೀರು ಕುಡಿಯಲೇಬೇಕು. ಹೋಗಿ ಹೇಳುವುದೆಂದು ನಿಶ್ಚಯಿಸಿಕೊಂಡು ಎದ್ದೆ.

ಇನ್‌ಸ್ಪೆಕ್ಟರ್ ಬರುವ ದಿನ ನಾನು ಲ್ಯಾಪ್‌ಟಾಪಿನಲ್ಲಿ ಮೂಲ ಫೋಟೋಗಳನ್ನು ತುಂಬಿಕೊಂಡು ನಸುಕಿನ ಬಸ್ಸಿಗೆ ಹೊರಟೆ. ಗೆಳತಿ ವಾಳೂಜ್‌ನ ಗೇಟಿನ ಹತ್ತಿರ ಕಾಯುತ್ತಿದ್ದಳು. ಮಾಲೀಕರು ನನ್ನ ಮುಖ ನೋಡಲೂ ಸಿದ್ಧರಿರಲಿಲ್ಲ. ನಾನು ಪಟ್ಟು ಬಿಡಲಿಲ್ಲ. "ಅವರ ಹತ್ತಿರ ಆ ಚಿತ್ರದ ಪ್ರಿಂಟ್ ಇದ್ದೇ ಇರುತ್ತೆ ಸಾಹೇಬರೇ. ನಾವು ಅಳಿಸಿದರೆ ಅದು ನಿಮ್ಮ ಕಳ್ಳತನ ಅನಿಸಿಕೊಳ್ಳುತ್ತೆ. ನಾನು ಹೇಳಿದರೆ ನನ್ನ ದಡ್ಡತನ ಅನಿಸಿಕೊಳ್ಳುತ್ತೆ. ಯಾವುದು ನಿಮಗೆ ಅನುಕೂಲ?" ಅಂದೆ. ಗೆಳತಿ ನನ್ನ ಕೈ ಹಿಡಿದುಕೊಂಡಳು. ಮಾಲೀಕರು ತಿರುಗಿ ಒಳಗೆ ನಡೆದರು, ನಾವು ಹಿಂದೆ ನಡೆದೆವು.

ಇನ್‌ಸ್ಪೆಕ್ಟರ್ ಪುಣೆಯ ಕಡೆಯಿಂದ ಬಂದ, ತಲೆ ನರೆತ, ಮಿತ ಮಾತಿನ ಮನುಷ್ಯ. ಕೈಯಲ್ಲಿ ನಿಜವಾಗಿಯೂ ನಮ್ಮ ಪುಟದ ಪ್ರಿಂಟ್ ಇತ್ತು. ನಾನು ಎದ್ದು ನಿಂತು, ನನಗೆ ಬರುವ ಹಿಂದಿಯಲ್ಲಿ, ಚಿತ್ರ ತಿದ್ದಿದವಳು ನಾನು, ಜಾಲರಿ ಅಲ್ಲೇ ಇತ್ತು, ಅಂದವಿಲ್ಲ ಎಂದು ಅಳಿಸಿದೆ, ಕಾರ್ಖಾನೆಯವರದ್ದು ಇದರಲ್ಲಿ ತಪ್ಪಿಲ್ಲ ಎಂದು ಒಂದೇ ಉಸಿರಿಗೆ ಹೇಳಿದೆ. ಲ್ಯಾಪ್‌ಟಾಪ್ ತೆರೆದು ಮೂಲ ಫೋಟೋ ತೋರಿಸಿದೆ.

ಅವರು ಚಿತ್ರ ನೋಡಿದರು, ನನ್ನನ್ನು ನೋಡಿದರು. "ಇಷ್ಟು ಚೆನ್ನಾಗಿ ಅಳಿಸಲು ಬರುವವರಿಗೆ ಸೇರಿಸಲೂ ಬರುತ್ತದೆ. ಈ ಜಾಲರಿಯನ್ನು ನೀವು ನಿನ್ನೆ ಸೇರಿಸಿಲ್ಲ ಎಂದು ನಾನು ಹೇಗೆ ನಂಬಲಿ?"

ನನ್ನ ಕೈಗುಣವೇ ನನಗೆ ತಿರುಗಿ ನಿಂತಿತ್ತು. ಜಾಲರಿ ಯಂತ್ರದ ಮುಂದೆ ಇದೆ, ಬನ್ನಿ ನೋಡಿ ಎಂದರು ಮಾಲೀಕರು. ಇವತ್ತು ಇರುವುದು ಗೊತ್ತು, ಆ ದಿನ ಇತ್ತೇ ಎಂಬುದು ನನ್ನ ಪ್ರಶ್ನೆ ಎನ್ನುತ್ತ ಇನ್‌ಸ್ಪೆಕ್ಟರ್ ಎದ್ದರು. ಎಲ್ಲರೂ ಶಾಪಿನ ಒಳಗೆ ಹೋದೆವು.

ಪ್ರೆಸ್ಸಿನ ಮುಂದೆ ಅವನೇ ಇದ್ದ, ನಾನು ಚಿತ್ರದಿಂದ ತೆಗೆದುಹಾಕಿದ ಕೆಲಸಗಾರ. ಈ ಜಾಲರಿ ಎಷ್ಟು ದಿನದಿಂದ ಇದೆ ಎಂದು ಇನ್‌ಸ್ಪೆಕ್ಟರ್ ಹಿಂದಿಯಲ್ಲಿ ಕೇಳಿದರು. ಅವನು ಮೊದಲು ಮಾಲೀಕರ ಮುಖ ನೋಡಿದ. ಆಮೇಲೆ, "ಬಹುತ್ ದಿನ್ ಸೆ" ಎಂದಷ್ಟೇ ಹೇಳಿದ. ಆ ಉಚ್ಚಾರದಲ್ಲಿ ನನಗೆ ಅಪ್ಪನ ಹಿಂದಿ ಕೇಳಿಸಿತು.

"ಯಾ ಊರ್ರಿ ನಿಮ್ಮದು?" ಎಂದು ಕೇಳಿದೆ.

ಅವನ ಮುಖ ಅರಳಿತು. "ಇಂಡಿ ತಾಲೂಕರಿ ಅಕ್ಕಾರ. ನೀವ?"

"ಬಾಗಲಕೋಟಿ ಕಡಿ. ಈ ಜಾಲರಿ ಹೆಂಗ ಡೊಂಕ ಆತು, ಅದನ್ನಷ್ಟ ಹೇಳ್ರಿ."

"ಅಯ್ಯ, ಅದೊಂದ ದೊಡ್ಡ ಕತಿರಿ. ಹ್ವಾದ ವರ್ಸ ದಸರಾ ಮುಂದ ಡೈ ಒಡದು ತುಂಡ ಸಿಡೀತು. ನೆಟ್ಟಗ ನನ್ನ ಕಡೇನ ಬಂತ್ರಿ. ಈ ಜಾಲರಿ ತಡೀತು. ಇದು ಇರಲಿಲ್ಲಂದ್ರ ನಾ ಇವತ್ತ ನಿಮ್ಮ ಜೋಡಿ ಮಾತಾಡ್ತಿದ್ದಿಲ್ಲರಿ."

ನಾನು ಅವಸರದಲ್ಲಿ ಅದನ್ನು ಹಿಂದಿಗೆ ತಿರುಗಿಸಲು ಹೋದೆ. ಇನ್‌ಸ್ಪೆಕ್ಟರ್ ಕೈ ಎತ್ತಿ ತಡೆದರು. "ಮ್ಯಾಡಮ್, ಚಿತ್ರ ಮಾಡಿದವರು ನೀವು. ಈ ವಿಷಯದಲ್ಲಿ ನಿಮ್ಮ ಅನುವಾದವನ್ನು ನಾನು ತೆಗೆದುಕೊಳ್ಳುವ ಹಾಗಿಲ್ಲ."

ಅದು ಅಪ್ಪನದೇ ಕಾಯಿದೆ. ಬೇರೆ ಭಾಷೆಯಲ್ಲಿ, ಬೇರೆ ಬಾಯಲ್ಲಿ ಬಂದು ನನ್ನ ಎದುರು ನಿಂತಿತ್ತು. ಸರಿ ಎಂದು ಹಿಂದಕ್ಕೆ ಸರಿದೆ. "ಸಾಹೇಬರಿಗೆ ನೀವ ತೋರಸ್ರಿ. ಮಾತ ಬ್ಯಾಡ, ಮಾಡಿ ತೋರಸ್ರಿ" ಎಂದಷ್ಟೇ ಅವನಿಗೆ ಹೇಳಿದೆ.

ಅವನು ಹೋಗಿ ಪ್ರೆಸ್ಸಿನ ಮುಂದೆ ತನ್ನ ಜಾಗದಲ್ಲಿ ನಿಂತ. ಯಂತ್ರ ಇಳಿಯಬೇಕಾದರೆ ಎರಡು ಕೈಯಿಂದ ಎರಡು ಗುಂಡಿ ಒಟ್ಟಿಗೆ ಒತ್ತಬೇಕು. ಅವನು ಎರಡೂ ಗುಂಡಿಗಳ ಮೇಲೆ ಕೈಯಿಟ್ಟ. ಆಗ ಜಾಲರಿಯ ಉಬ್ಬು ಸರಿಯಾಗಿ ಅವನ ಕೊರಳಿನ ಎದುರಿಗೆ ಬಂತು. ಒಂದು ಕೈ ಎತ್ತಿ ಆ ಉಬ್ಬಿನ ಮೇಲಿಟ್ಟ, ಆಮೇಲೆ ಅದೇ ಕೈಯನ್ನು ತನ್ನ ಕೊರಳ ಮೇಲಿಟ್ಟ. ನಾನು ಎರಡು ದಿನ ಕೂತು ಕಂಬಿ ಕಂಬಿಯಾಗಿ ಅಳಿಸಿದ್ದು ಅವನ ಜೀವ ಉಳಿಸಿದ ವಸ್ತುವನ್ನು.

ಅವನೇ ಮುಂದುವರಿದು, ಬೆರಳಿನಿಂದ ಬರೆಯುವ ಹಾಗೆ ಸನ್ನೆ ಮಾಡಿ ಆಫೀಸಿನ ಕಡೆ ತೋರಿಸಿದ. ಮಾಲೀಕರಿಗೆ ಆಗ ನೆನಪಾಯಿತು. ಅಪಘಾತ ಬರೆದಿಡುವ ವಹಿಯನ್ನು ತರಿಸಿದರು. ನಾನು ಫೋಟೋ ತೆಗೆಯುವುದಕ್ಕೆ ಎಷ್ಟೋ ತಿಂಗಳ ಹಿಂದೆ ಬರೆದಿದ್ದ ಸಾಲು ಅದರಲ್ಲಿತ್ತು: ಡೈ ಒಡೆದಿದೆ, ಯಾರಿಗೂ ಗಾಯವಿಲ್ಲ, ಗಾರ್ಡ್ ಬಾಗಿದೆ, ಬದಲಿಸಬೇಕು. ಕೆಳಗೆ ಸೂಪರ್‌ವೈಸರನ ಸಹಿ. ಇನ್‌ಸ್ಪೆಕ್ಟರ್ ವಹಿ ಓದಿದರು, ಜಾಲರಿಯ ಉಬ್ಬನ್ನು ಬೆರಳಿನಿಂದ ಸವರಿದರು, ನನ್ನ ಲ್ಯಾಪ್‌ಟಾಪಿನ ಮೂಲ ಫೋಟೋದಲ್ಲಿ ಅದೇ ಉಬ್ಬನ್ನು, ಅದೇ ಎದ್ದುಹೋದ ಬಣ್ಣವನ್ನು ನೋಡಿದರು.

"ಇಷ್ಟು ದಿನವಾದರೂ ಬದಲಿಸಿಲ್ಲವೇಕೆ?" ಎಂದು ಮಾಲೀಕರನ್ನು ಕೇಳಿದರು. ಮಾಲೀಕರು ತಲೆ ತಗ್ಗಿಸಿದರು. ಬದಲಿಸಿದ್ದರೆ ಅಂದು ನಮ್ಮ ಹತ್ತಿರ ಸಾಕ್ಷಿಯೇ ಇರುತ್ತಿರಲಿಲ್ಲ ಎಂದು ಎಲ್ಲರಿಗೂ ಗೊತ್ತಿತ್ತು. ಒಂದು ತಿಂಗಳಲ್ಲಿ ಹೊಸ ಜಾಲರಿ ಹಾಕಬೇಕೆಂದು ಇನ್‌ಸ್ಪೆಕ್ಟರ್ ಬರೆದುಕೊಂಡರು. ಆಮೇಲೆ ನನ್ನ ಕಡೆ ತಿರುಗಿದರು.

"ನಾನು ಇಲ್ಲಿಂದ ಹೊರಡುವ ಮೊದಲು ನಿಜವಾದ ಚಿತ್ರ ವೆಬ್‌ಸೈಟಿನಲ್ಲಿರಬೇಕು. ಅದನ್ನು ನೋಡಿ ಸಹಿ ಹಾಕುತ್ತೇನೆ."

ಸುಳ್ಳಿನ ಚಿತ್ರ ತೆಗೆದು ಮೂಲವನ್ನು ಹಾಕುವುದು ಹತ್ತು ನಿಮಿಷದ ಕೆಲಸ. ಮೂಲದಲ್ಲಿ ನೆಲದ ಎಣ್ಣೆಯಿತ್ತು, ಗೋಡೆಯ ಮಸಿಯಿತ್ತು. ಒಂದಕ್ಕೂ ಕೈ ಹಚ್ಚಲಿಲ್ಲ. ಮೊದಲು ನಮ್ಮೊಳಗೆ ನೋಡಿಕೊಳ್ಳುವ ತಾತ್ಕಾಲಿಕ ವಿಳಾಸದಲ್ಲಿ ಪುಟವನ್ನಿಟ್ಟೆ. ಇನ್ನು ಒಂದು ಗುಂಡಿ ಒತ್ತಿದರೆ ಲೋಕಕ್ಕೆ ತೆರೆಯುತ್ತದೆ. ಆದರೆ ಮಾಡಿದವಳು ನಾನು. ಪಕ್ಕದಲ್ಲಿ ಕೂತು ಕೈ ಜೋಡಿಸಿದವಳು ಗೆಳತಿ. ಫೋನ್ ತೆಗೆದು ಓಝರ್‌ಗೆ ಹಚ್ಚಿದೆ. ವಿಳಾಸವನ್ನು ಒಂದೊಂದೇ ಅಕ್ಷರ ಹೇಳಿದೆ. ಅಪ್ಪ ಒಂದೊಂದೇ ಕೀಲಿ ಹುಡುಕಿ ಒತ್ತಿದರು. ಆ ಕಡೆ ಅವ್ವ, "ಕನ್ನಡಕಾ ಹಾಕ್ಕೋರಿ ಮೊದಲ" ಅನ್ನುವುದೂ ಕೇಳಿಸಿತು.

"ಬಂತ ನೋಡವಾ" ಅಂದರು ಅಪ್ಪ.

"ಏನೇನ ಕಾಣತೈತಿ, ಹೇಳ್ರಿ ಅಪ್ಪಾ."

"ಯಂತ್ರ ಐತಿ. ಜಾಲರಿ ಐತಿ, ಹಳದಿ. ನಡುವ ಡೊಂಕ ಆಗೇತಿ. ಅದು ಇರೂದ ಹೌದಿಲ್ಲೋ?"

"ಹೌದ್ರಿ."

"ಮನಶಾ ಅದಾನ." ಅಪ್ಪ ಸ್ವಲ್ಪ ತಡೆದರು. ಪರದೆಗೆ ಬಗ್ಗಿ ನೋಡುತ್ತಿದ್ದಾರೆಂದು ತಿಳಿಯಿತು. "ಒಂದು... ಎರಡು. ಎರಡೂ ಕೈ ಅದಾವ. ಎಲ್ಲಾ ಅದಾವವಾ. ಇನ್ನ ಮುಚ್ಚ."

ಗುಂಡಿ ಒತ್ತಿದೆ. ಯಾರು ನೋಡಿದರು ಎಂದು ಇನ್‌ಸ್ಪೆಕ್ಟರ್ ಕೇಳಿದರು. ಮಾಡದೇ ಇದ್ದವರು ಎಂದು ಹೇಳಿದೆ. ಅವರು ಮೊದಲ ಸಲ ಸ್ವಲ್ಪ ನಕ್ಕು ಪೆನ್ನು ತೆಗೆದರು. ಎರಡನೆಯ ಶಿಫ್ಟು ಉಳಿಯಿತು.

ಮಾಲೀಕರು ಮತ್ತೆ ನನ್ನೊಡನೆ ಸರಿಯಾಗಿ ಮಾತಾಡಲು ಒಂದು ವರ್ಷ ಬೇಕಾಯಿತು. ಆದರೆ ಬೇರೆ ಕಾರ್ಖಾನೆಯವರು ನಮ್ಮ ಬಗ್ಗೆ ಕೇಳಿದಾಗ, ಆ ಹೆಣ್ಣುಮಕ್ಕಳ ಹತ್ತಿರವೇ ಹೋಗಿ, ಅವರು ಇಲ್ಲದ್ದನ್ನು ತೋರಿಸುವುದಿಲ್ಲ, ಇದ್ದದ್ದನ್ನು ಮುಚ್ಚುವುದಿಲ್ಲ ಎಂದು ಹೇಳಿ ಕಳಿಸಿದವರೂ ಅವರೇ. ಸಂಭಾಜಿನಗರದ ಆಫೀಸು ಮಾವನವರ ಕೋಣೆಯಿಂದ ದೊಡ್ಡ ಜಾಗಕ್ಕೆ ಹೋಯಿತು. ಅಂದಿನಿಂದ ನಮ್ಮ ಎರಡೂ ಆಫೀಸಿನಲ್ಲಿ ಒಂದು ಪುಟ ಹೊರಗೆ ಹೋಗಬೇಕಾದರೆ ಅದರ ಕೆಲಸ ಮಾಡದ ಒಬ್ಬರು ಗಿರಾಕಿಯ ಜಾಗಕ್ಕೇ ಹೋಗಿ, ಚಿತ್ರವನ್ನೂ ವಸ್ತುವನ್ನೂ ಪಕ್ಕ ಪಕ್ಕ ಹಿಡಿದು ನೋಡಿ ಸಹಿ ಹಾಕಬೇಕು. ಹೊಸದಾಗಿ ಸೇರಿದವರು ಗೇಲಿ ಮಾಡುತ್ತಾರೆ. ನಾನೂ ಮಾಡಿದ್ದೆನಲ್ಲ, ಮಾಡಲಿ ಬಿಡಿ.

ಕಾರ್ಖಾನೆಯಲ್ಲಿ ಹೊಸ ಜಾಲರಿ ಬಂದಾಗ ಹಳೆಯದನ್ನು ಗುಜರಿಗೆ ಹಾಕುವವರಿದ್ದರು. ಇಂಡಿಯ ಆ ಅಣ್ಣ ಫೋನ್ ಮಾಡಿ, "ಅಕ್ಕಾರ, ಇದು ನಿಮಗ ಬೇಕೇನ್ರಿ?" ಎಂದು ಕೇಳಿದ. ಟೆಂಪೋದಲ್ಲಿ ತರಿಸಿ ಹೊಸ ಆಫೀಸಿನ ಗೋಡೆಗೆ ಹಾಕಿಸಿದೆ. ಅಪ್ಪ ಅದನ್ನು ನೋಡಲೆಂದೇ ಬಸ್ಸು ಹತ್ತಿ ಬಂದರು. ಕೈಚೀಲದಲ್ಲಿ ಒಂದು ಸಣ್ಣ ಡಬ್ಬಿ ಕೆಂಪು ಪೇಂಟು, ಒಂದು ಬ್ರಷ್. ಜಾಲರಿಯನ್ನು ಇಳಿಸಲು ಹೇಳಿ, ಸುಣ್ಣ ಬಳಿದ ಆ ಹೊಸ ಗೋಡೆಯ ಮೇಲೆ ಅದರ ನೆರಳನ್ನು, ಅಂಚು ತಪ್ಪದ ಹಾಗೆ, ಬಗ್ಗಿ ಕುಳಿತು ಬರೆದರು. ಒಣಗಿದ ಮೇಲೆ ಜಾಲರಿಯನ್ನು ತಾವೇ ಮೊಳೆಗೆ ತೂಗುಹಾಕಿದರು.

"ಇದ್ಯಾಕ್ರಿ ಅಪ್ಪಾ?" ಎಂದು ಕೇಳಿದೆ.

ಅವರು ಬ್ರಷ್ಷನ್ನು ಹಳೆಯ ಪತ್ರಿಕೆಗೆ ಒರೆಸುತ್ತ, "ಇನ್ನೊಮ್ಮೆ ಯಾರರ ತಗದ್ರ ಗೊತ್ತಾಗಬೇಕಲ್ಲವಾ" ಅಂದರು.